ಗಂಡನ ಗುಟ್ಟಿನ ಪ್ರೇಮದ ಮೇಲೆ ಕಾಮಿಡಿ ಸಿನಿಮಾ: ಮನೆಯವರ ಜೊತೆ ಕೂತು ನೋಡಬಹುದಾ?

ನೋಡಬಹುದು ಮಾರಾಯ್ರೆ. ಹೆಂಡತಿ, ಅತ್ತೆ, ಮಾವ ಎಲ್ಲ ಪಕ್ಕದಲ್ಲಿದ್ದರೂ ಮುಜುಗರ ಆಗದಂಥದ್ದು ಬೇಕು ಅಂತ ಕೇಳಿದ್ದೀರಿ. 2005ರ 'ರಾಮ ಶಾಮ ಭಾಮ' ಹಾಕಿ.

ರಮೇಶ್ ಅರವಿಂದ್ ನಿರ್ದೇಶಿಸಿದ ಮೊದಲ ಸಿನಿಮಾ ಅದು. ಬಾಲು ಮಹೇಂದ್ರ 1995ರಲ್ಲಿ ತಮಿಳಿನಲ್ಲಿ ಮಾಡಿದ್ದ 'ಸತಿ ಲೀಲಾವತಿ'ಯ ರೀಮೇಕ್. ಅಲ್ಲೂ ಕದ್ದು ಓಡಾಡುವ ಗಂಡ ರಮೇಶೇ, ಹತ್ತು ವರ್ಷ ಬಿಟ್ಟು ಕನ್ನಡದಲ್ಲೂ ಅವರೇ! ಇಲ್ಲಿ ಹೆಂಡತಿ ಶ್ರುತಿ, ಇನ್ನೊಬ್ಬಳು ಡೈಸಿ ಬೋಪಣ್ಣ. ಆದರೆ ಸಿನಿಮಾವನ್ನು ಎತ್ತಿ ನಿಲ್ಲಿಸುವುದು ಕಮಲ್ ಹಾಸನ್ ಮತ್ತು ಊರ್ವಶಿ. ಆಟ ಆಡುವವನು ರಮೇಶ್, ಬೆವರುವವನು ಗೆಳೆಯ ಕಮಲ್, ಅದೂ ಊರ್ವಶಿಯಂಥ ಗಟ್ಟಿಗಿತ್ತಿಯನ್ನು ಪಕ್ಕದಲ್ಲಿ ಇಟ್ಟುಕೊಂಡು. ಕಮಲ್ ಮಾತೆಲ್ಲ ಉತ್ತರ ಕರ್ನಾಟಕದ ಕನ್ನಡ. ನನಗಂತೂ ಸ್ವಲ್ಪ ಹೊಟ್ಟೆಕಿಚ್ಚು. ನಮ್ಮ ಮಂಗಳೂರು ಕನ್ನಡ ಅಂದರೆ ಸಿನಿಮಾದವರು ನಾಲ್ಕು ಸಲ 'ಎಂತದು' ಅನ್ನಿಸಿ ಕೈತೊಳೆದುಕೊಳ್ಳುತ್ತಾರೆ, ಅಲ್ವಾ?

ಇಂಥ ಕಥೆಯಲ್ಲಿ ನಗು ಬರುವುದು ಪ್ರೇಮದಿಂದ ಅಲ್ಲ, ಸುಳ್ಳಿನಿಂದ. ಟೌನ್‌ಹಾಲಿನಲ್ಲಿ ತುಳು ನಾಟಕ ನೋಡಿದವರಿಗೆ ಇದು ಹೊಸದಲ್ಲ. ಒಂದು ಸುಳ್ಳು ಮುಚ್ಚಲು ಇನ್ನೊಂದು, ಒಬ್ಬ ಒಳಗೆ ಅಡಗಿದ್ದಾನೆ, ಅಷ್ಟರಲ್ಲಿ ಇನ್ನೊಬ್ಬ ಬಾಗಿಲು ಬಡಿಯುತ್ತಾನೆ, ಜನ ಬಿದ್ದು ಬಿದ್ದು ನಗುತ್ತಾರೆ. ಹಿಂದಿ ಆಗುತ್ತದೆ ಅಂದರೆ ಬಿ.ಆರ್. ಚೋಪ್ರಾ ಅವರ 'ಪತಿ ಪತ್ನಿ ಔರ್ ವೋ' (1978) ಕೂಡ ನೋಡಿ. ಸಂಜೀವ್ ಕುಮಾರ್ ಸೆಕ್ರೆಟರಿ ಹತ್ತಿರ, ನನ್ನ ಹೆಂಡತಿಗೆ ಕ್ಯಾನ್ಸರ್, ಜಾಸ್ತಿ ದಿನ ಇಲ್ಲ ಅಂತ ಮುಖ ಸಣ್ಣ ಮಾಡಿ ಹೇಳುತ್ತಾನೆ. ಹೆಂಡತಿ ಮನೆಯಲ್ಲಿ ಗುಂಡುಕಲ್ಲಿನ ಹಾಗೆ ಇದ್ದಾಳೆ! ಬೀಡಿ ಕಟ್ಟುತ್ತಾ ನೋಡುತ್ತಿದ್ದ ನಮ್ಮ ಅತ್ತೆ ಎಲೆ, ಕತ್ತರಿ ಎರಡನ್ನೂ ಕೆಳಗಿಟ್ಟು ತುಳುವಿನಲ್ಲಿ ಅವನ ಜನ್ಮ ಜಾಲಾಡಿದರು. ಆಮೇಲೆ ಕರವಸ್ತ್ರದ ಲಿಪ್‌ಸ್ಟಿಕ್ ಸಿಕ್ಕಿಬಿದ್ದಾಗ ಎಲ್ಲರಿಗಿಂತ ಜೋರಾಗಿ ನಕ್ಕವರೂ ಅವರೇ.

ಬಿಲ್ಲಿ ವೈಲ್ಡರ್ ಅವರ 'ದ ಸೆವೆನ್ ಇಯರ್ ಇಚ್' (1955) ಇನ್ನೂ ಮಜಾ. ಮೂಲ ನಾಟಕದಲ್ಲಿ ಗಂಡ ನಿಜವಾಗಿಯೂ ದಾರಿ ತಪ್ಪುತ್ತಾನೆ. ಆಗಿನ ಹಾಲಿವುಡ್ ನಿಯಮದಲ್ಲಿ ಅದನ್ನು ತೋರಿಸುವ ಹಾಗಿರಲಿಲ್ಲ. ಹಾಗಾಗಿ ಸಿನಿಮಾದಲ್ಲಿ ಅವನದ್ದು ಬರೀ ಹಗಲುಗನಸು, ಮೇಲೆ ಹೆಂಡತಿಗೆ ಗೊತ್ತಾದರೆ ಎನ್ನುವ ಪುಕ್ಕಲು. ಮರ್ಲಿನ್ ಮನ್ರೋಳ ಬಿಳಿ ಫ್ರಾಕ್ ಹಾರುವ ಸೀನ್ ಇದರದ್ದೇ.

ನನಗೆ ಸರಿ ಕಾಣದ್ದು ಒಂದಿದೆ. ಹೆಂಡತಿ ದಪ್ಪ ಇದ್ದಾಳೆ, ಅಲಂಕಾರ ಮಾಡಿಕೊಳ್ಳುವುದಿಲ್ಲ, ಅದಕ್ಕೇ ಗಂಡ ಹೊರಗೆ ಹೋದ ಅನ್ನುವ ಲೆಕ್ಕ. 'ಸತಿ ಲೀಲಾವತಿ'ಯಲ್ಲೂ ಅದು ಇತ್ತು. 1999ರ 'ಬೀವಿ ನಂ.1'ನಲ್ಲಿ ಕರಿಷ್ಮಾ ಮಾಡೆಲ್ ಆಗಿ ಬಂದ ಮೇಲೇ ಸಲ್ಮಾನನ ಕಣ್ಣು ತೆರೆಯುವುದು. ನಿಮ್ಮ ಮನೆಯಲ್ಲಿ ಯಾರಿಗಾದರೂ ಇಂಥ ಮಾತು ಚುಚ್ಚುತ್ತದೆ ಅಂದರೆ 'ಬೀವಿ ನಂ.1' ಬಿಟ್ಟುಬಿಡಿ.

ಮೊದಲು 'ರಾಮ ಶಾಮ ಭಾಮ'ವೇ ಆಗಲಿ. ಚಾ, ಚರುಮುರಿ ಎಲ್ಲ ಮೊದಲೇ ಮಾಡಿಟ್ಟುಕೊಳ್ಳಿ, ಊರ್ವಶಿ ಬಂದಾಗ ಎದ್ದು ಹೋದರೆ ನಷ್ಟ ನಿಮಗೇ.