ಕತ್ತರಿಗೆ ಕೆಲಸ ಎಲ್ಲಿ?

ಪ್ರಶ್ನೆ: ಹಂಗೇರಿಯ ಬೇಲಾ ತಾರ್ ಅವರ ಸಿನಿಮಾ ‘ದ ಟ್ಯೂರಿನ್ ಹಾರ್ಸ್’ (2011) ಸುಮಾರು 146 ನಿಮಿಷ; ಶಾಟ್ (ಮಧ್ಯೆ ಕಟ್ ಇಲ್ಲದೆ ಒಂದೇ ಓಟದಲ್ಲಿ ತೆಗೆದ ತುಣುಕು) ಬರೀ 30. ಎಡಿಟರ್ ಆಗ್ನೆಶ್ ಹ್ರನಿಟ್ಸ್ಕಿ ಅವರಿಗೆ ಅಲ್ಲೇನು ಕೆಲಸ?
– ಓದುಗರು, ಕೋಥ್ರೂಡ್, ಪುಣೆ

ಉತ್ತರ: ಅರ್ಧ ಎಡಿಟಿಂಗ್ ಶೂಟಿಂಗ್ ಜಾಗದಲ್ಲೇ ಮುಗಿಯುತ್ತದೆ. 35 ಎಂಎಂ ಫಿಲ್ಮಿನ 300 ಮೀಟರ್ ರೋಲ್ ಓಡುವುದು ಹೆಚ್ಚುಕಡಿಮೆ 11 ನಿಮಿಷ; ಶಾಟ್ ಅಷ್ಟರೊಳಗೇ ಮುಗಿಯಬೇಕು. ಒಂಬತ್ತನೇ ನಿಮಿಷದಲ್ಲಿ ನಟ ತಡವರಿಸಿದರೆ ಮುಚ್ಚಿಹಾಕಲು ಬೇರೆ ಕ್ಲೋಸಪ್ ಇಲ್ಲ. ಮೊದಲಿಂದ ತೆಗೆಯಬೇಕು, ರೋಲೂ ಹೋಯಿತು. ಆಮೇಲೆ ಎಡಿಟರ್‌ಗೆ ಉಳಿಯುವುದು ಯಾವ ಟೇಕ್ (ಒಂದೇ ಶಾಟನ್ನು ಮತ್ತೆ ಮತ್ತೆ ತೆಗೆದದ್ದರಲ್ಲಿ ಒಂದು) ಇಟ್ಟುಕೊಳ್ಳುವುದು, ಅದರ ತಲೆ–ಬಾಲ, ಅಂದರೆ ಶುರು–ಕೊನೆ, ಎಲ್ಲಿ ಎಂಬುದು. ಸಣ್ಣ ಕೆಲಸವಲ್ಲ: ಬಾಗಿಲು ಮುಚ್ಚಿದ ಮೇಲೆ 24 ಫ್ರೇಮ್ (ಒಂದು ಸೆಕೆಂಡ್) ಬಿಡುವುದಕ್ಕೂ 72 (ಮೂರು ಸೆಕೆಂಡ್) ಬಿಡುವುದಕ್ಕೂ ದೃಶ್ಯದ ತೂಕವೇ ಬೇರೆ. ತಾರ್ ಅವರದೇ 2000ರ ಸಿನಿಮಾ ‘ವೆರ್ಕ್‌ಮೈಸ್ಟರ್ ಹಾರ್ಮನೀಸ್’ನಲ್ಲೂ ಇದರಲ್ಲೂ ನಿರ್ದೇಶನದಲ್ಲಿ ಆಗ್ನೆಶ್ ಅವರ ಹೆಸರು ಜೊತೆಗಿರುವುದು ಬರೀ ಮರ್ಯಾದೆಗಲ್ಲ. ಮುಂದಿನ ಸಲ ಕಟ್ ಬಿದ್ದಲ್ಲೆಲ್ಲ ಸಮಯ ಗುರುತು ಹಾಕಿಕೊಂಡು ನೋಡಿ.