ಪದ ವಿಚಾರ: ‘ಕಾರ್ನ್’ ಎಂದರೆ ಯಾವ ಕಾಳು?

ಪ್ರಶ್ನೆ: ಕೀಟ್ಸ್ ಕವಿಯ ‘ನೈಟಿಂಗೇಲ್’ ಕವಿತೆಯಲ್ಲಿ ರೂತ್ ಪರದೇಶದ ‘ಕಾರ್ನ್’ ನಡುವೆ ನಿಂತು ಕಣ್ಣೀರಿಡುತ್ತಾಳೆ. ನಮ್ಮ ಗೈಡಿನಲ್ಲಿ ಅದಕ್ಕೆ ‘ಗೋವಿನಜೋಳದ ಹೊಲ’ ಎಂದು ಅರ್ಥ ಕೊಟ್ಟಿದ್ದಾರೆ. ಇದು ಸರಿಯೇ? (ಎಂ.ಎ. ವಿದ್ಯಾರ್ಥಿನಿ, ಧಾರವಾಡ)

ಉತ್ತರ: ತಪ್ಪು. ಬೈಬಲ್ಲಿನ ಕಥೆಯಲ್ಲಿ ರೂತ್ ಬೇತ್ಲೆಹೇಮಿಗೆ ಬಂದದ್ದು ಜವೆಗೋಧಿ ಸುಗ್ಗಿಯ ಹೊತ್ತಿಗೆ. ಕೊಯ್ಲಿನವರ ಹಿಂದೆ ಹಕ್ಕಲಾಯುತ್ತಾ ಗೋಧಿ ಸುಗ್ಗಿ ಮುಗಿಯುವ ತನಕ ಅಲ್ಲೇ ಇದ್ದಳು. ಗೋವಿನಜೋಳ ಮೆಕ್ಸಿಕೊ ಮೂಲದ ಬೆಳೆ. 1492ರಲ್ಲಿ ಕೊಲಂಬಸ್ ಅಮೆರಿಕ ಮುಟ್ಟುವ ಮೊದಲು ಏಷ್ಯಾದವರಾಗಲಿ ಯುರೋಪಿನವರಾಗಲಿ ಅದನ್ನು ಕಂಡಿರಲಿಲ್ಲ.

ಹಳೆಯ ಇಂಗ್ಲಿಷಿನಲ್ಲಿ ‘ಕಾರ್ನ್’ ಎಂದರೆ ಬರೀ ಕಾಳು. ಯಾವ ಸೀಮೆಯಲ್ಲಿ ಯಾವ ಧಾನ್ಯ ಮುಖ್ಯವೋ ಅಲ್ಲಿ ಅದೇ ‘ಕಾರ್ನ್’. ಇಂಗ್ಲೆಂಡಿನಲ್ಲಿ ಗೋಧಿ, ಸ್ಕಾಟ್‌ಲೆಂಡಿನಲ್ಲಿ ಓಟ್ಸ್. ಅಮೆರಿಕಕ್ಕೆ ವಲಸೆ ಹೋದ ಇಂಗ್ಲಿಷರು ಅಲ್ಲಿನ ಮೂಲನಿವಾಸಿಗಳ ಬೆಳೆಯನ್ನು ‘ಇಂಡಿಯನ್ ಕಾರ್ನ್’ ಎಂದರು. ಆ ‘ಇಂಡಿಯನ್’ಗೂ ನಮ್ಮ ದೇಶಕ್ಕೂ ಸಂಬಂಧವಿಲ್ಲ. ಬರಬರುತ್ತಾ ಮುಂದಿನ ಪದ ಉದುರಿ ಬರೀ ‘ಕಾರ್ನ್’ ಉಳಿಯಿತು. ಹಾಗಾಗಿ ಪಠ್ಯದಲ್ಲಿ ಈ ಪದ ಸಿಕ್ಕಾಗ ಬರೆದವರು ಯಾವ ದೇಶದವರು, ಯಾವ ಕಾಲದವರು ಎಂದು ಮೊದಲು ನೋಡಿ. ಕೀಟ್ಸ್ ಈ ಕವಿತೆ ಬರೆದದ್ದು 1819ರಲ್ಲಿ, ಇಂಗ್ಲೆಂಡಿನಲ್ಲಿ. ಕನ್ನಡದಲ್ಲಿ ‘ಪೈರು’ ಎಂದರೆ ಸಾಕು.

ಪ್ರಶ್ನೆ: ಮಗಳ ಚರಿತ್ರೆ ಪಾಠದಲ್ಲಿ ಇಂಗ್ಲೆಂಡಿನ ‘ಕಾರ್ನ್ ಲಾ’ ಬರುತ್ತದೆ. ಹಾಗಾದರೆ ಅದೂ ಗೋಧಿಯೇ? (ಗೃಹಿಣಿ, ದಾವಣಗೆರೆ)

ಉತ್ತರ: ಬಾರ್ಲಿ, ಓಟ್ಸ್ ಮುಂತಾದ ಧಾನ್ಯಗಳೂ ಅದರಲ್ಲಿದ್ದವು, ಆದರೆ ಜಗಳವೆಲ್ಲ ಗೋಧಿಯದ್ದೇ. ಒಂದು ಕ್ವಾರ್ಟರ್, ಅಂದರೆ 8 ಬುಶೆಲ್ ಗೋಧಿಯ ಬೆಲೆ ದೇಶದೊಳಗೆ 80 ಷಿಲಿಂಗ್ ಮುಟ್ಟುವವರೆಗೆ ಹೊರಗಿನ ಗೋಧಿ ಮಾರುವಂತಿಲ್ಲ ಎಂದು 1815ರ ಕಾನೂನು ಹೇಳಿತು. ಜಮೀನ್ದಾರರಿಗೆ ಲಾಭ, ಬ್ರೆಡ್ ಕೊಂಡು ತಿನ್ನುವ ಕೂಲಿಯವರಿಗೆ ಬರೆ.

ಈ ಪದದ ಎರಡೂ ಅರ್ಥಗಳು ಮುಖಾಮುಖಿಯಾದದ್ದು ಇದೇ ಕಾನೂನಿನ ಕೊನೆಗಾಲದಲ್ಲಿ. 1845ರಲ್ಲಿ ಐರ್ಲೆಂಡಿನ ಆಲೂಗಡ್ಡೆ ಬೆಳೆ ರೋಗಕ್ಕೆ ತುತ್ತಾಯಿತು. ಪ್ರಧಾನಿ ರಾಬರ್ಟ್ ಪೀಲ್ ಗುಟ್ಟಾಗಿ 1 ಲಕ್ಷ ಪೌಂಡ್ ಬೆಲೆಯ ‘ಇಂಡಿಯನ್ ಕಾರ್ನ್’ ಅನ್ನು ಅಮೆರಿಕದಿಂದ ತರಿಸಿದರು. ಕಲ್ಲಿನಷ್ಟು ಗಟ್ಟಿಯಾದ ಆ ಕಾಳನ್ನು ಬೀಸಿ ಅಭ್ಯಾಸವಿಲ್ಲದ ಗಿರಣಿಗಳು, ಬೇಯಿಸಿ ಗೊತ್ತಿಲ್ಲದ ಜನ. ಅರೆಬೀಸಿ ಅರೆಬೆಂದದ್ದನ್ನು ಉಂಡ ಹಸಿದ ಹೊಟ್ಟೆಗಳು ಕೆಟ್ಟವು. ಹಳದಿ ಬಣ್ಣ ನೋಡಿ ಜನ ಅದನ್ನು ‘ಪೀಲನ ಗಂಧಕ’ ಎಂದು ಕರೆದರು. 1846ರಲ್ಲಿ ಕಾನೂನು ರದ್ದಾಯಿತು, ಪೀಲ್ ಅಧಿಕಾರವೂ ಹೋಯಿತು. ಮಗಳಿಗೆ ‘ಧಾನ್ಯ ಕಾನೂನು’ ಎಂದೇ ಬರೆಯಲು ಹೇಳಿ. ‘ಮೆಕ್ಕೆಜೋಳದ ಕಾನೂನು’ ಎಂದರೆ ಪಾಠವೇ ತಲೆಕೆಳಗಾಗುತ್ತದೆ.

ಪ್ರಶ್ನೆ: ಇಲ್ಲಿ ಅಂಗಡಿಯಿಂದ ‘ಕಾರ್ನ್ ಫ್ಲೋರ್’ ತಂದು ಗೋಬಿ ಮಂಚೂರಿ ಮಾಡಿದೆ. ಗ್ರೇವಿ ತರಿತರಿಯಾಗಿ ಹಳದಿಗೆ ತಿರುಗಿತು. ಏನು ತಪ್ಪಾಯಿತು? (ಓದುಗರು, ನ್ಯೂಜೆರ್ಸಿ)

ಉತ್ತರ: ತಪ್ಪು ಪೊಟ್ಟಣದ್ದು. ಭಾರತ ಮತ್ತು ಬ್ರಿಟನ್ನಿನಲ್ಲಿ ‘ಕಾರ್ನ್ ಫ್ಲೋರ್’ ಎಂದರೆ ಮೆಕ್ಕೆಜೋಳದಿಂದ ಬೇರ್ಪಡಿಸಿದ ಬಿಳಿ ಪಿಷ್ಟ, ಹಿಸುಕಿದರೆ ಕಿರುಗುಟ್ಟುತ್ತದೆ. ಅಮೆರಿಕದಲ್ಲಿ ಅದರ ಹೆಸರು ‘ಕಾರ್ನ್ ಸ್ಟಾರ್ಚ್’. ಅಲ್ಲಿನ ‘ಕಾರ್ನ್ ಫ್ಲೋರ್’ ಎಂದರೆ ಕಾಳನ್ನೇ ನುಣ್ಣಗೆ ಬೀಸಿದ ಹಿಟ್ಟು, ನಮ್ಮ ಗಿರಣಿಯ ಮೆಕ್ಕೆಜೋಳದ ಹಿಟ್ಟಿನಂಥದ್ದು. ಅದು ಗ್ರೇವಿಗೆ ಹೊಳಪು ಕೊಡುವುದಿಲ್ಲ.

ಸ್ಟಾರ್ಚ್ ತಂದು 1 ಕಪ್ ಗ್ರೇವಿಗೆ 1 ಟೇಬಲ್ ಚಮಚದಂತೆ, ಅದರ ಎರಡರಷ್ಟು ತಣ್ಣೀರಿನಲ್ಲಿ ಕದಡಿ, ಕುದಿಯುವಾಗ ಸುರಿದು ಒಂದು ನಿಮಿಷ ಕೈಯಾಡಿಸಿ. ಒಣಪುಡಿಯನ್ನೇ ಬಿಸಿಗೆ ಹಾಕಿದರೆ ಹೊರಪದರ ಮೊದಲು ಬೆಂದು ಒಳಗೆ ಹಸಿಪುಡಿ ಉಳಿದು ಗಂಟಾಗುತ್ತದೆ. ಹೂಕೋಸಿನ ಮೇಲ್ಹಿಟ್ಟಿಗೆ ಮುಕ್ಕಾಲು ಕಪ್ ಮೈದಾಕ್ಕೆ ಕಾಲು ಕಪ್ ಸ್ಟಾರ್ಚ್ ಸಾಕು. ಅಮೆರಿಕದ ಕಾರ್ನ್‌ಬ್ರೆಡ್ ವಿಧಾನವನ್ನು ಬೆಂಗಳೂರಿನಲ್ಲಿ ಮಾಡುವವರಿಗೂ ಇದೇ ಎಚ್ಚರಿಕೆ, ಉಲ್ಟಾ: ಬಿಳಿ ಪುಡಿ ಹಾಕಿದರೆ ಬ್ರೆಡ್ ಸೀಮೆಸುಣ್ಣದಂತಾಗುತ್ತದೆ.

ಪ್ರಶ್ನೆ: ‘ಕಾರ್ನ್ಡ್ ಬೀಫ್’ ಡಬ್ಬಿಯಲ್ಲಿ ಜೋಳವಿರುತ್ತದೆಯೇ? (ಓದುಗರು, ಮಂಗಳೂರು)

ಉತ್ತರ: ಇಲ್ಲ. ಇಲ್ಲಿ ‘ಕಾರ್ನ್’ ಎಂದರೆ ಉಪ್ಪಿನ ಹರಳು. ಮಾಂಸ ಕೆಡದಂತೆ ಕಾಳಿನ ಗಾತ್ರದ ಹರಳುಪ್ಪು ಹಾಕಿಡುತ್ತಿದ್ದರು. ಒಳ್ಳೆಮೆಣಸಿನ ‘ಪೆಪ್ಪರ್‌ಕಾರ್ನ್’ ಕೂಡ ಇದೇ ಜಾತಿ. ಇನ್ನೊಂದು ‘ಕಾರ್ನ್’ ನಿಮ್ಮ ಚಪ್ಪಲಿಯಲ್ಲೇ ಇದೆ. ‘ಬಾರ್ಲಿಕಾರ್ನ್’ ಎಂದರೆ ಇಂಚಿನ ಮೂರನೇ ಒಂದು ಭಾಗ, ಸುಮಾರು 8.5 ಮಿ.ಮೀ. ಬ್ರಿಟಿಷ್ ಅಳತೆಯಲ್ಲಿ 7ನೇ ನಂಬರಿಗೂ 8ಕ್ಕೂ ಇರುವ ಅಂತರ ಸರಿಯಾಗಿ ಅಷ್ಟೇ. ದೊಡ್ಡವರ ನಂಬರಿಗೆ 25 ಕೂಡಿಸಿ 3ರಿಂದ ಭಾಗಿಸಿದರೆ ಷೂ ಅಚ್ಚಿನ ಉದ್ದ ಇಂಚಿನಲ್ಲಿ ಸಿಗುತ್ತದೆ: 8ನೇ ನಂಬರಿಗೆ 11 ಇಂಚು. ಬೆರಳಾಡಲು ಜಾಗ ಬೇಕಾದ್ದರಿಂದ ಪಾದ ಅದಕ್ಕಿಂತ ಚಿಕ್ಕದಿರಬೇಕು.

ಪ್ರಶ್ನೆ: ಕಾಲಿನ ಆಣಿಗೂ ‘ಕಾರ್ನ್’ ಅನ್ನುತ್ತಾರಲ್ಲ, ಕಾಳಿನಂತೆ ಕಾಣುತ್ತದೆಂದೇ? (ನಿವೃತ್ತ ಶಿಕ್ಷಕರು, ತುಮಕೂರು)

ಉತ್ತರ: ಇದು ಬೇರೆಯದೇ ಪದ. ಲ್ಯಾಟಿನ್ನಿನ ‘ಕಾರ್ನು’, ಅಂದರೆ ಕೊಂಬು, ಇದರ ಮೂಲ. ಕಣ್ಣಿನ ‘ಕಾರ್ನಿಯಾ’, ಒಂಟಿಕೊಂಬಿನ ‘ಯುನಿಕಾರ್ನ್’ ಅದರ ನೆಂಟರು. ಪದಕ್ಕಿಂತ ಮುಖ್ಯವಾದ ಮಾತು: ಸಕ್ಕರೆ ಕಾಯಿಲೆಯವರು ಆಣಿಗೆ ಹಚ್ಚುವ ‘ಕಾರ್ನ್ ಕ್ಯಾಪ್’ ಎಂಬ ಔಷಧಿ ಪಟ್ಟಿ ಅಂಟಿಸಬೇಡಿ, ಬ್ಲೇಡಿನಿಂದ ಕೆತ್ತಬೇಡಿ. ಪಟ್ಟಿಯಲ್ಲಿರುವ ಸ್ಯಾಲಿಸಿಲಿಕ್ ಆಮ್ಲ ಸುತ್ತಲಿನ ಒಳ್ಳೆಯ ಚರ್ಮವನ್ನೂ ಸುಡುತ್ತದೆ. ಪಾದಕ್ಕೆ ಸ್ಪರ್ಶ ಕಡಿಮೆಯಾಗಿದ್ದರೆ ಗಾಯ ಗೊತ್ತೇ ಆಗುವುದಿಲ್ಲ. ವೈದ್ಯರಿಗೆ ತೋರಿಸಿ.

ಪ್ರಶ್ನೆ: ಹುಡುಗರು ಮಾತುಮಾತಿಗೆ ‘ಕಾರ್ನಿ’ ಅನ್ನುತ್ತಾರೆ. ಮೊಬೈಲಿನಲ್ಲಿ ಜೋಳದ ತೆನೆಯ ಚಿತ್ರ ಬೇರೆ. ಏನಿದು? (ತಂದೆ, ಮೈಸೂರು)

ಉತ್ತರ: ‘ಕಾರ್ನಿ’ ಎಂದರೆ ಹಳಸಲು, ಅತಿಭಾವುಕ. ಇದು ಅಮೆರಿಕದ ಆಡುಮಾತು. 1930ರ ದಶಕದಲ್ಲಿ ಜಾಜ್ ಸಂಗೀತಗಾರರು ಜೋಳ ತಿಂದು ಬೆಳೆದ ಹಳ್ಳಿಗರ ಶೈಲಿಯೆಂದು ಕೀಳಾಗಿ ಬಳಸಿ ರೂಢಿಗೆ ತಂದರು. ತೆನೆಯ ಚಿತ್ರದ ವಿಷಯ ಬೇರೆ. ಸಾಮಾಜಿಕ ಜಾಲತಾಣಗಳ ಸೋಸುವ ವ್ಯವಸ್ಥೆಗೆ ಸಿಕ್ಕಿಬೀಳದಂತೆ, ಪ್ರಾಸ ಹೊಂದುವ ‘ಪೋರ್ನ್’ ಪದದ ಬದಲು ‘ಕಾರ್ನ್’ ಬಳಸುವವರಿದ್ದಾರೆ. ಚಿತ್ರ ಕಂಡ ಮಾತ್ರಕ್ಕೆ ಮಗುವನ್ನು ಗದರಬೇಡಿ, ಸಿನಿಮಾಕ್ಕೆ ಹೋದಾಗ ತಿಂದ ಪಾಪ್‌ಕಾರ್ನ್ ಕೂಡ ಆಗಿರಬಹುದು. ಹಿಂದುಮುಂದಿನ ಸಂದೇಶ ಓದಿ, ಅರ್ಥವನ್ನು ಅವರಿಂದಲೇ ಕೇಳಿ.