3 ಕೊಕ್ಕೆ, 11 ನಿಮಿಷ

ಓದುಗರ ಪತ್ರ: ಅಕ್ಕನಿಗೆ ಆರು ವರ್ಷಗಳಿಂದ ರುಮಟಾಯ್ಡ್ ಸಂಧಿವಾತ. ಬಂದುಹೋಗುವವರೆಲ್ಲ ‘ಗುಂಡುಕಲ್ಲಿನ ಹಾಗಿದ್ದೀಯಲ್ಲ’ ಎನ್ನುತ್ತಾರೆ. ಅವಳ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಹೊರಟೆ. ಎರಡು ತಿಂಗಳು ಚಿತ್ರೀಕರಿಸಿದ್ದನ್ನು ನೋಡಿದರೆ ಒಗ್ಗರಣೆ ಹಾಕುವ, ಟಿ.ವಿ. ನೋಡುವ ಹೆಂಗಸೊಬ್ಬಳಿದ್ದಾಳೆ, ನೋವು ಎಲ್ಲೂ ಇಲ್ಲ. ಅವಳು ಅಳುವ ದಿನಕ್ಕಾಗಿ ಕಾಯಲೇ? — ಓದುಗರೊಬ್ಬರು, ಶಿರಸಿ

ಸಂಪಾದಕರ ಉತ್ತರ: ಕಾಯಬೇಡಿ. ಅಳು ಸಿಕ್ಕರೆ ಪ್ರೇಕ್ಷಕರು ಕರವಸ್ತ್ರ ಹುಡುಕುತ್ತಾರೆ, ನಿಮ್ಮ ಅಕ್ಕನನ್ನಲ್ಲ.

ನನ್ನ ತಾಯಿಗೂ ಇದೇ ಕಾಯಿಲೆ ಇತ್ತು. ಅವರು ಮುಖ ಕಿವುಚಿದ್ದನ್ನು ನಾನು ನೋಡಿದ್ದು ಕಡಿಮೆ. ಆದರೆ ಬೆಳಗಿನ ಹೊತ್ತು ನಲ್ಲಿಯನ್ನು ಮಣಿಕಟ್ಟಿನಿಂದ ಒತ್ತಿ ತಿರುಗಿಸುತ್ತಿದ್ದರು. ಕಾಫಿ ಲೋಟವನ್ನು ಎರಡೂ ಅಂಗೈಗಳ ನಡುವೆ ಇಟ್ಟುಕೊಂಡು ಎತ್ತುತ್ತಿದ್ದರು. ಒಮ್ಮೆ ಮದುವೆಗೆ ಹೊರಟಾಗ, ಬಾಗಿಲಲ್ಲಿ ಆಟೊ ನಿಲ್ಲಿಸಿಕೊಂಡು ಗಡಿಯಾರ ನೋಡುತ್ತಿದ್ದೆ. ರವಿಕೆಯ 3 ಕೊಕ್ಕೆ ಹಾಕಿಕೊಳ್ಳಲು ಅವರಿಗೆ 11 ನಿಮಿಷ ಬೇಕಾಯಿತು. ಗದರಿದ್ದೂ ನೆನಪಿದೆ.

ಎದ್ದ ಮೇಲೆ ಗಂಟೆಗಟ್ಟಲೆ ಕೀಲುಗಳು ಬಿಗಿದುಕೊಂಡಿರುವುದು ಈ ಕಾಯಿಲೆಯ ಲಕ್ಷಣ. ನೀವು ಕ್ಯಾಮೆರಾ ತೆರೆಯುವುದು ಬಹುಶಃ ಹತ್ತು ಗಂಟೆಗೆ, ಅಕ್ಕ ಮಿಂದು ಕುಂಕುಮವಿಟ್ಟ ಮೇಲೆ. ನಿಮ್ಮ ಚಿತ್ರ ಆರಕ್ಕೇ ಶುರುವಾಗಿರುತ್ತದೆ. ಇನ್ನು ಸಂಕಲನದ ಚಟ ನಿಮಗೂ ಗೊತ್ತು: ಕೈ ಕೊಕ್ಕೆಯ ಹತ್ತಿರ ಹೋಯಿತು, ಮುಂದಿನ ಶಾಟ್‌ನಲ್ಲಿ ಸೀರೆ ಉಟ್ಟಾಗಿದೆ. ನೋವು ಇದ್ದದ್ದು ನೀವು ಕತ್ತರಿಸಿ ಎಸೆದ ಆ ತುಂಡಿನಲ್ಲಿ.

ಅಮೆರಿಕದ ಜೆನಿಫರ್ ಬ್ರೇಯಾ ಹಾರ್ವರ್ಡ್‌ನಲ್ಲಿ ಪಿಎಚ್.ಡಿ. ಮಾಡುತ್ತಿದ್ದಾಗ ಜ್ವರ ಬಂತು. ಅದರ ಬೆನ್ನಿಗೇ ಮೈಯಾಲ್ಜಿಕ್ ಎನ್‌ಸೆಫಲೊಮೈಲೈಟಿಸ್ ಎಂಬ, ವಿಶ್ರಾಂತಿಗೂ ಬಗ್ಗದ ದಣಿವಿನ ಕಾಯಿಲೆ ಹಿಡಿದು ಹಾಸಿಗೆಗೆ ಬಿದ್ದರು. ಇದು ಮನಸ್ಸಿನ ತೊಂದರೆ ಎಂದು ವೈದ್ಯರು ಹೇಳಿದ್ದೂ ಉಂಟು. ತಮ್ಮ ಅವಸ್ಥೆಯನ್ನು ತಾವೇ ಚಿತ್ರೀಕರಿಸಿಕೊಳ್ಳತೊಡಗಿದರು; ದೂರದ ರೋಗಿಗಳನ್ನು ಹಾಸಿಗೆಯಿಂದಲೇ ಸ್ಕೈಪ್ ಮೂಲಕ ಮಾತನಾಡಿಸಿದರು. ಹಾಗೆ ಹುಟ್ಟಿದ ಸಾಕ್ಷ್ಯಚಿತ್ರ ‘ಅನ್‌ರೆಸ್ಟ್’ 2017ರಲ್ಲಿ ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವಕ್ಕೆ ಬಂದಾಗ ತೀರ್ಪುಗಾರರ ವಿಶೇಷ ಪ್ರಶಸ್ತಿ ಸಿಕ್ಕಿದ್ದು ಸಂಕಲನಕ್ಕೆ. ಅದರಲ್ಲಿ ನೆಲಕ್ಕೆ ಬಿದ್ದು ನರಳುವ ದೃಶ್ಯವೂ ಇದೆ, ನಿಜ. ಆದರೆ ಅದನ್ನು ಇಡಬೇಕೋ ಬೇಡವೋ ಎಂದು ತೀರ್ಮಾನಿಸಿದವರು ನರಳಿದವರೇ. ಅಕ್ಕನ ಅಳುವಿಗಾಗಿ ತಮ್ಮನಾದವನು ಹೊಂಚುಹಾಕುವುದಕ್ಕೂ ಅದಕ್ಕೂ ಬಹಳ ಅಂತರವಿದೆ.

ಸೆರೆಬ್ರಲ್ ಪಾಲ್ಸಿ, ಅಂದರೆ ಮೆದುಳಿನ ತೊಂದರೆಯಿಂದ ಕೈಕಾಲು ಹಿಡಿತಕ್ಕೆ ಸಿಗದ ಸ್ಥಿತಿ, ಇರುವ ಅಮೆರಿಕದ ನಿರ್ದೇಶಕ ರೀಡ್ ಡೇವನ್‌ಪೋರ್ಟ್ ಬೇರೆಯೇ ದಾರಿ ಹಿಡಿದರು. 2022ರ ಅವರ ಚಿತ್ರದಲ್ಲಿ ಗಾಲಿಕುರ್ಚಿಯಿಂದ ಕಾಣುವ ಬೀದಿಯಿದೆ, ಸರ್ಕಸ್ಸಿನ ಡೇರೆಯಿದೆ, ದಿಟ್ಟಿಸುವ ಜನರಿದ್ದಾರೆ. ಡೇವನ್‌ಪೋರ್ಟ್ ಮಾತ್ರ ಹೆಚ್ಚುಕಡಿಮೆ ಕಾಣುವುದೇ ಇಲ್ಲ. ಸನ್‌ಡಾನ್ಸ್‌ನಲ್ಲಿ ಅದಕ್ಕೆ ನಿರ್ದೇಶನದ ಪ್ರಶಸ್ತಿ ಬಂತು.

ನೀವೂ ಕೆಲವು ದಿನ ಅಕ್ಕನಿಗೇ ಮೊಬೈಲ್ ಒಪ್ಪಿಸಿ. ಹಿಡಿಯಲು ಬೆರಳು ಒಪ್ಪದಿದ್ದರೆ ಸ್ಟ್ಯಾಂಡ್ ಹಾಕಿಕೊಡಿ. ‘ನಿಲ್ಲಿಸು’ ಎಂದರೆ ನಿಲ್ಲಬೇಕು, ‘ಅಳಿಸು’ ಎಂದರೆ ಅಳಿಸಬೇಕು. ಈ ಮಾತು ಮೊದಲೇ ಆಗಿರಲಿ. ಇಲ್ಲವಾದರೆ ತಮ್ಮನ ಉತ್ಸಾಹಕ್ಕೆ ನೀರೆರಚುವುದೇಕೆಂದು ಅವರು ಸುಮ್ಮನಿದ್ದುಬಿಡುತ್ತಾರೆ. ನಮ್ಮ ಅಕ್ಕಂದಿರು ಅಂಥವರು.

ಆಮೇಲೆ, ಅವರು ಒಪ್ಪಿದರೆ, ಒಂದು ಬೆಳಗ್ಗೆ ಆರಕ್ಕೆ ಕ್ಯಾಮೆರಾ ಇಟ್ಟು ಅವರು ಕಾಫಿ ಡಬ್ಬಿಯ ಮುಚ್ಚಳ ತೆಗೆಯುವವರೆಗೆ ಅಲುಗಾಡಬೇಡಿ. ನಡುವೆ ತಡೆಯಲಾರದೆ ನಿಮ್ಮ ಕೈಯೇ ಮುಂದೆ ಹೋಗಿ ಡಬ್ಬಿ ಕಿತ್ತುಕೊಂಡರೆ, ಅದನ್ನೂ ಕತ್ತರಿಸಬೇಡಿ.